ಶಾಂಭವಕ್ಕನ ಅರ್ಧ ಗುಳಿಗೆ

"ಇವತ್ತ ಯಾರಪಾ ಬಿಟ್ಟಾವ್ರು?"

ದರ್ಜಿ ಕೊಟ್ರಪ್ಪ ಇದನ್ನು ಯಾರನ್ನೂ ಕೇಳಿದ್ದಲ್ಲ. ಕಿಟಕಿಯ ಬೆಳಕಿಗೆ ಸೂಜಿ ಎತ್ತಿ ಹಿಡಿದು, ಅದರ ಕಣ್ಣಿನ ಆಚೆಗೊಮ್ಮೆ ಈಚೆಗೊಮ್ಮೆ ದಾರ ಚುಚ್ಚುತ್ತ ಗೋಡೆಗೆ ಕೇಳಿದ. ಎದುರಿಗಿನ ನನ್ನ ಅಂಗಡಿಯಲ್ಲಿ ನಾನು ವಿಭೂತಿ ಗಟ್ಟಿಗಳನ್ನು ಜೋಡಿಸುತ್ತಿದ್ದೆ. ಮೂರನೆಯದನ್ನು ಇಡುವಷ್ಟರಲ್ಲಿ ಮೊದಲಿನೆರಡು ಜಾರುತ್ತಿದ್ದವು. ಪಕ್ಕದ ಖಾನಾವಳಿಯಲ್ಲಿ ನಿಂಬವ್ವ ರೊಟ್ಟಿ ಬಡಿಯುವ ಸಪ್ಪಳ ತಾಳ ತಪ್ಪಿತ್ತು. ಹಿಟ್ಟಿನ ಮೇಲೆ ಬೀಳಬೇಕಾದ ಅಂಗೈ ಕಲ್ಲಿನ ಮೇಲೆ ಬಿದ್ದಾಗಲೆಲ್ಲ ಆಕೆ ಯಾರದೋ ವಂಶವನ್ನು ನೆನೆಯುತ್ತಿದ್ದಳು.

ನಮ್ಮ ಊರಿನಲ್ಲಿ ಒಬ್ಬರ ನಡುಕ ಒಬ್ಬರಲ್ಲೇ ನಿಲ್ಲುವುದಿಲ್ಲ. ಓಣಿಯ ತಿರುವಿನ ತನಕ ಎಲ್ಲರ ಕೈಗೂ ಬರುತ್ತದೆ, ತಿರುವು ದಾಟಿ ಹೋಗುವುದಿಲ್ಲ. ಹೆಣ್ಣು ನೋಡಲು ಬಂದವರು ಮೊದಲು ಕೇಳುವುದು ಹುಡುಗಿಯ ವಯಸ್ಸನ್ನಲ್ಲ, ಓಣಿಯಲ್ಲಿ ಕುಡಿಯುವವರು ಎಷ್ಟು ಮಂದಿ, ಬಿಡುವ ವಿಚಾರದಲ್ಲಿ ಇರುವವರು ಎಷ್ಟು ಮಂದಿ ಎಂದು. ಕುಡಿಯುವವರು ಇದ್ದರೆ ಚಿಂತೆಯಿಲ್ಲ. ಬಿಡುವವರದೇ ಭಯ.

ಅದಕ್ಕೇ ನಮ್ಮ ಓಣಿಯಲ್ಲಿ ಪಾಳಿ ಲೋಟ ಇರುವುದು. ಓಣಿಯ ಕುಡುಕ ಪರಗೌಡನಿಗೆ ಬೆಳಿಗ್ಗೆ ಎದ್ದ ಕೂಡಲೇ ಒಂದು ಮನೆಯವರು ಸಾರಾಯಿ ಲೋಟ ತುಂಬಿ ಒಯ್ದು ಕೊಡುತ್ತಾರೆ. ಇವತ್ತು ಒಬ್ಬರ ಪಾಳಿ, ನಾಳೆ ಇನ್ನೊಬ್ಬರದು. ಲೋಟ ಅವನ ಗಂಟಲಿಗೆ ಇಳಿಯುತ್ತದೆ, ಓಣಿಯ ಕೈ ನಿಲ್ಲುತ್ತದೆ, ಆಮೇಲೆ ಅಂಗಡಿಗಳ ಬಾಗಿಲು ತೆರೆಯುತ್ತವೆ. ಮದ್ಯ ಮುಟ್ಟದ ಮನೆ ನಮ್ಮದು. ನಮ್ಮ ಪಾಳಿ ಬಂದ ದಿನ ನಾನೂ ಕೊಟ್ಟಿದ್ದೇನೆ, ಸ್ನಾನ ಮಾಡಿ, ಹಣೆಗೆ ವಿಭೂತಿ ಹಚ್ಚಿಕೊಂಡೇ.

ಆ ದಿನ ಎಲ್ಲರೂ ಸೇರಿ ಪರಗೌಡನ ಮನೆಗೆ ಹೋದೆವು. ಅವನು ಕಟ್ಟೆಯ ಮೇಲೆ ಕಾಲು ಇಳಿಬಿಟ್ಟು ಕೂತಿದ್ದ.

"ಪಾಳಿ ಯಾರದಿತ್ತು?" ಎಂದು ಕೊಟ್ರಪ್ಪ ಕೇಳಿದ.

"ನಂದ. ಒಂದಲ್ಲ, ಎರಡು ಲೋಟ ಕೊಟ್ಟೇನಿ," ಎಂದಳು ನಿಂಬವ್ವ.

ಪರಗೌಡನಿಗೆ ಬೇಜಾರಾಯಿತು. "ಊರಾಗ ಕಾಗಿ ಕೂಗಿದ್ರೂ ನನ್ನ ಮನಿಗೇ ಬರ್ತೀರಲ್ರೀ. ಬೇಕಂದ್ರ ಬಾಯಿ ಮೂಸಿ ನೋಡ್ರಿ. ಕುಡದ ಕುಂತೇನಿ, ಆದ್ರೂ ನೋಡ್ರಿ ಕೈ. ಇಷ್ಟ ವರ್ಷ ನಾ ನಿಮಗೆಲ್ಲಾರಿಗೂ ನಡುಕ ಕೊಟ್ಟೆ. ಇವತ್ತ ಯಾರೋ ಪುಣ್ಯಾತ್ಮ ನನಗ ಕೊಡಾಕತ್ತಾನ."

ಮತ್ತೆ ಯಾರು ಎಂದು ಮನೆಮನೆ ತಿರುಗಿದರು. ತಂಬಾಕು ಜಗಿಯುವ ಅಜ್ಜನನ್ನೂ ಬಿಡಲಿಲ್ಲ. ನಮ್ಮ ಮನೆಯ ಬಾಗಿಲಿಗೆ ಮಾತ್ರ ಯಾರೂ ಬರಲಿಲ್ಲ. ಬರುವ ಕಾರಣವೇ ಇರಲಿಲ್ಲ. ಆ ಮನೆಯಲ್ಲಿ ಇರುವವರು ಇಬ್ಬರೇ, ನಾನು ಮತ್ತು ಶಾಂಭವಕ್ಕ. ಅಪ್ಪನ ತರುವಾಯ ಓಣಿಯ ಚಾವಡಿಯಲ್ಲಿ ಪುರಾಣ ಓದುವವಳು ಅಕ್ಕ. ಅಪ್ಪ ಓದುವಾಗ ಅವಳು ಪಕ್ಕದಲ್ಲಿ ಕೂತು ಕಲಿತಳು, ಅವಳು ಓದುವಾಗ ನಾನು ಕಂಬಕ್ಕೆ ಒರಗಿ ಕೇಳಿದೆ. ನನ್ನ ಕೆಲಸ ಅಷ್ಟೇ, ಕೇಳುವುದು. ಆ ವಾರ ಶ್ರಾವಣದ ಪುರಾಣ ಹಚ್ಚಿದ್ದೆವು.

ಮೂರು ದಿನ ಓಣಿ ಸಾರು ಚೆಲ್ಲಿಕೊಂಡಿತು. ಮೂರನೆಯ ಸಂಜೆ ಚಾವಡಿಯಲ್ಲಿ ಅಕ್ಕ ಪದ್ಯ ಎತ್ತಿಕೊಂಡಳು. ದನಿ ಏರಿತು. ಏರಿದ್ದು ಇಳಿಯಲಿಲ್ಲ, ನಡುವೆಯೇ ಕಡಿಯಿತು. ಅರ್ಧ ಸಾಲು ಬಿಟ್ಟು ಮುಂದಿನ ಸಾಲಿಗೆ ಹೋದಳು. ನನ್ನ ಅಕ್ಕ ಜ್ವರದಲ್ಲಿಯೂ ಅರ್ಧ ಸಾಲು ಬಿಟ್ಟವಳಲ್ಲ. ನಾನು ಕಣ್ಣು ತೆರೆದೆ. ಅವಳು ಪುಸ್ತಕದ ಮೇಲಿನ ಇರುವೆಗಳನ್ನು ಕೊಡವುತ್ತಿದ್ದಳು. ಹಾಳೆಯ ಮೇಲೆ ಇರುವೆ ಒಂದೂ ಇರಲಿಲ್ಲ. "ಸಕ್ಕರಿ ಯಾರು ಚೆಲ್ಲೀರಿ ಇಲ್ಲಿ," ಎಂದು ಕೇಳಿದಳು, ಕಣ್ಣು ಮೇಲಕ್ಕೆ ಸಿಕ್ಕಿಕೊಂಡವು, ಮೈ ಬಿಲ್ಲಿನಂತೆ ಸೆಟೆದು ಪೀಠದಿಂದ ಕೆಳಗೆ ಬಿದ್ದಳು.

ಓಣಿಯಲ್ಲಿ ಎಲ್ಲರ ಕೈಯೂ ಒಮ್ಮೆ ಜಾಡಿಸಿತು, ಗಂಟೆ ಹಿಡಿದಿದ್ದವನ ಗಂಟೆ ಹಾರಿ ಹೋಯಿತು, ಅಷ್ಟೇ. ನಡುಕ ಹಂಚಿಕೆಯಾಗುತ್ತದೆ. ಬಿದ್ದವಳು ಮಾತ್ರ ಅವಳೊಬ್ಬಳೇ.

ಎತ್ತಿನ ಗಾಡಿಯಲ್ಲಿ ಮಲಗಿಸಿಕೊಂಡು ತಿರುವಿನ ಆಚೆಗಿನ ದವಾಖಾನೆಗೆ ಒಯ್ದೆವು. ಡಾಕ್ಟರ್ ಹೇಮಲತಾ ಬೇರೆ ಊರಿನವರು, ಅವರ ಕೈ ನಿಂತಿತ್ತು. ಸೂಜಿಮದ್ದು ಕೊಟ್ಟರು. ಮರುದಿನ ಬೆಳಿಗ್ಗೆ ಅಕ್ಕ ಎದ್ದು ಕೂತಾಗ ಕೇಳಿದರು: "ಏನು ತೊಗೊಳ್ತಿದ್ರಿ?"

"ಏನೂ ಇಲ್ಲ."

"ನಿದ್ದೆಗೆ?"

ಅಕ್ಕ ನನ್ನ ಮುಖ ನೋಡಲಿಲ್ಲ. "ನಿದ್ದಿಗೆ ಗುಳಿಗಿ. ಅದು ಔಷಧ, ನಶಾ ಅಲ್ರೀ."

"ಎಷ್ಟು ವರ್ಷದಿಂದ?"

"ನಮ್ಮನಿಯವರು ಹೋದಾಗಿನಿಂದ. ಆವಾಗ ಯಾವದೋ ಡಾಕ್ಟರು ನಾಕ ದಿನಕ್ಕಂತ ಬರದು ಕೊಟ್ಟಿದ್ರು. ಆಮ್ಯಾಲ ಅಂಗಡ್ಯಾವ ಕೊಟಗೊಂತ ಬಂದ, ನಾ ತಗೊಂತ ಬಂದೆ. ಮಲಗೂ ಮುಂದ ಎರಡು. ಈ ಶ್ರಾವಣದಾಗ ಶುದ್ಧ ಆಗಿ ಪುರಾಣ ಓದಿ ಮಂಗಲ ಮಾಡಬೇಕು ಅನಿಸ್ತು. ದೇವರ ಮುಂದ ಬಿಟ್ಟೇನಿ ಅಂತ ಅಂದ ಬಂದೆ."

ಭಾವ ತೀರಿಕೊಂಡು ಹನ್ನೊಂದು ವರ್ಷವಾಗಿತ್ತು. ನನ್ನ ಅಂಗಡಿಯ ವಿಭೂತಿ ಡಬ್ಬಿಯಲ್ಲಿಯೇ ಅವಳು ಆ ಗುಳಿಗೆಗಳನ್ನು ಇಡುತ್ತಿದ್ದಳಂತೆ. ನಾನು ದಿನವೂ ಆ ಡಬ್ಬಿಗೆ ಕೈ ಮುಗಿಯುತ್ತಿದ್ದೆ.

"ಬಿಡೋದು ಒಳ್ಳೆಯದೇ, ಅವ್ವಾ," ಎಂದರು ಡಾಕ್ಟರು. "ಹೀಗೆ ಬಿಡೋದಲ್ಲ. ಇಷ್ಟು ವರ್ಷ ಮೈ ಅದನ್ನ ನಂಬಿಕೊಂಡು ನಡೆದಿದೆ. ಒಂದೇ ಸಲ ಕಿತ್ತುಕೊಂಡರೆ ಮೂರ್ಛೆ ಬರತ್ತೆ, ಇಲ್ಲದ್ದು ಕಾಣತ್ತೆ, ಜೀವವೇ ಹೋಗಬಹುದು. ಇವತ್ತಿನಿಂದ ಮೊದಲಿನಷ್ಟೇ ಶುರು ಮಾಡಿ, ಆದರೆ ಎರಡು ಹೊತ್ತಿಗೆ ಹಂಚಿಕೊಂಡು. ಬೆಳಿಗ್ಗೆ ಒಂದು, ಮಲಗುವಾಗ ಒಂದು. ಆಮೇಲೆ ನಾನು ಹೇಳಿದಾಗ ಚೂರು ಕಡಿಮೆ. ಅದಕ್ಕೆ ಮೈ ಒಗ್ಗಿದ ಮೇಲೆ ಇನ್ನೊಂದು ಚೂರು. ಒಗ್ಗದಿದ್ದರೆ ಅಲ್ಲೇ ನಿಲ್ಲೋಣ. ಅವಸರ ಬೇಡ."

"ಎಷ್ಟ ದಿನ ಹಿಡೀತದ್ರಿ?" ಎಂದು ನಾನು ಕೇಳಿದೆ.

"ತಿಂಗಳುಗಳು. ಇವರ ಮೈ ಹೇಗೆ ಹೇಳತ್ತೋ ಹಾಗೆ."

ಅಕ್ಕ ಸೆರಗನ್ನು ಮುಷ್ಟಿಯಲ್ಲಿ ಹಿಡಿದಳು. "ದೇವರ ಮುಂದ ಬಿಟ್ಟೇನಿ ಅಂದಾಕಿ ಈಗ ಮತ್ತ ನುಂಗಬೇಕನ್ರಿ?"

"ಯಾವತ್ತಿನೊಳಗೆ ಅಂತ ದೇವರಿಗೆ ಹೇಳಿದ್ರಾ?"

ಅಕ್ಕ ಯೋಚಿಸಿದಳು. "ಇಲ್ಲ."

"ಹಾಗಾದರೆ ಆತ ಕಾಯ್ತಾನೆ." ಡಾಕ್ಟರು ನನ್ನ ಕಡೆ ತಿರುಗಿದರು. "ಗುಳಿಗೆ ನಿಮ್ಮ ಹತ್ತಿರ ಇರಲಿ. ಅವರು ಕೇಳಿದರೂ ಹೆಚ್ಚು ಕೊಡಬೇಡಿ. ಅವರು ಬೇಡ ಅಂದರೂ ಕಡಿಮೆ ಕೊಡಬೇಡಿ. ಮೈ ಸುಡೋದು, ಇರುವೆ ಕಾಣೋದು, ಮಾತು ಅಡ್ಡಾದಿಡ್ಡಿ ಆಗೋದು ಕಂಡರೆ ಗಾಡಿ ಕಟ್ಟಿಸಿ. ಮದ್ಯ ಒಂದು ಹನಿಯೂ ಇದರ ಜೊತೆ ಬೇಡ, ಉಸಿರೇ ನಿಂತು ಹೋಗತ್ತೆ."

ದೇವರು ಕಾಯುತ್ತಾನೆ ಎಂದು ಹೇಳುವುದು ಡಾಕ್ಟರಿಗೆ ಸುಲಭ. ಓಣಿ ಕಾಯಬೇಕಲ್ಲ.

ನಾವು ಮರಳಿದ ದಿನವೇ ಚಾವಡಿಯಲ್ಲಿ ಸಭೆ ಸೇರಿತು. ಗುಳಿಗೆ ಮತ್ತೆ ಶುರುವಾಗಿ ಕೈಗಳು ನಿಂತಿದ್ದರಿಂದ ಎಲ್ಲರ ಮುಖದಲ್ಲಿ ಗೆಲುವಿತ್ತು. ಇನ್ನು ಚೂರುಚೂರಾಗಿ ಇಳಿಸುವುದು, ಇಳಿಸಿದಾಗಲೆಲ್ಲ ಸ್ವಲ್ಪ ನಡುಕ ಬರಬಹುದು, ಕಾರ್ತಿಕದ ತನಕವೋ ಅದರಾಚೆಗೋ ಎಂದು ನಾನು ಹೇಳಿದೆ. ಗೆಲುವು ಹೋಯಿತು.

"ಕಾರ್ತಿಕನ? ಅಲ್ಲೀ ಮಟ ನಾ ಏನ್ ಹೊಲೀಲಿ? ಗೋಣಿಚೀಲ?" ಎಂದ ಕೊಟ್ರಪ್ಪ. "ಎರಡರಾಗ ಒಂದ ಮಾಡ್ರಿ. ಮೊದಲಿನಂಗ ಎರಡೂ ನುಂಗಿ ಸುಮ್ನ ಇರ್ಲಿ. ಇಲ್ಲಂದ್ರ ಒಂದ ಪೆಟ್ಟಿಗೆ ಬಿಡ್ಲಿ, ಒಂದ ವಾರ ನಾವು ತಡಕೊಂತೀವಿ. ಬಂಡೆಪ್ಪ ಬಿಡ್ಲಿಲ್ಲೇನು ಒಂದ ಪೆಟ್ಟಿಗೆ? ಗಂಡಸು ಅವ."

"ಬಂಡೆಪ್ಪ ಸತ್ತನಲ್ಲೋ," ಎಂದೆ.

"ಸತ್ತ. ಆದ್ರ ಬಿಟ್ಟ ಸತ್ತ."

ಸುತ್ತ ಕೂತವರು ಹೌದೆಂದು ಗೋಣು ಹಾಕಿದರು. ಬಂಡೆಪ್ಪ ಗುಡಿಯ ಮುಂದೆ ಬಾಟಲಿ ಒಡೆದು ಆಣೆ ಮಾಡಿದ್ದ. ಮೂರು ದಿನ ಗೋಡೆಯ ಮೇಲೆ ಹಾವುಗಳು ಹರಿಯುತ್ತಿವೆ ಎಂದು ಕೂಗಿದ, ಆಮೇಲೆ ಮೂರ್ಛೆ, ಆಮೇಲೆ ಇಲ್ಲ. ಓಣಿ ಅವನಿಗೆ ದೊಡ್ಡ ಮೆರವಣಿಗೆ ಮಾಡಿತ್ತು. ಅವನ ಹೆಂಡತಿ ಮೆರವಣಿಗೆಯ ಹಿಂದೆ ಬರಿಗಾಲಲ್ಲಿ ನಡೆದದ್ದು ನನಗೆ ನೆನಪಿದೆ, ಇವರಿಗೆ ಮೆರವಣಿಗೆ ಮಾತ್ರ ನೆನಪಿದೆ.

ಸಭೆಯಲ್ಲಿ ಮಾತಾಡುವ ರೂಢಿ ನನಗಿಲ್ಲ. ಆದರೂ ಹೇಳಿದೆ: "ನಮ್ಮಪ್ಪ ಓದೂ ಮುಂದ ಹೇಳ್ತಿದ್ದ. ಏರಿಸಿದ ದನಿ ಹಂಗಽ ಕಡದು ಬಿಡಬ್ಯಾಡ, ಒಂದೊಂದಽ ಮೆಟ್ಟಲಾ ಇಳಿಸಿ ತಂದು ನಿಲ್ಲಸು, ಇಲ್ಲಂದ್ರ ಗಂಟಲ ಹರೀತದ ಅಂತ."

"ಪುರಾಣ ನಿಮಗ ಇರ್ಲಿ ಸಾವಳಿಗಪ್ಪ," ಎಂದಳು ನಿಂಬವ್ವ. "ನನ್ನ ರೊಟ್ಟಿ ಹರ್ಯಾಕತ್ತಾವು."

ಇಳಿಸುವುದು ಶುರುವಾಯಿತು. ವಿಭೂತಿ ಗಟ್ಟಿ ಕತ್ತರಿಸುವ ಸಣ್ಣ ಬ್ಲೇಡು ನನ್ನಲ್ಲಿತ್ತು. ಅದರಿಂದಲೇ ಗುಳಿಗೆ ಕತ್ತರಿಸಿದೆ. ಒಮ್ಮೆ ಚೂರು ಇಳಿಸಿದರೆ ನಾಲ್ಕೈದು ದಿನ ಓಣಿಯ ಬೆರಳುಗಳು ತಂತಿಯಂತೆ ಮಿಡಿಯುತ್ತಿದ್ದವು, ಆಮೇಲೆ ತಣ್ಣಗಾಗುತ್ತಿದ್ದವು. ತಣ್ಣಗಾದವು ಎಂದು ಜನ ಉಸಿರು ಬಿಡುವಷ್ಟರಲ್ಲಿ ಮತ್ತೊಂದು ಚೂರಿನ ಸಮಯ ಬರುತ್ತಿತ್ತು. ಕೊಟ್ರಪ್ಪ ರವಿಕೆ ಬಿಟ್ಟು ಗಾದಿಯ ಗವಸು ಹೊಲಿದ. ನಿಂಬವ್ವ ರೊಟ್ಟಿ ನಿಲ್ಲಿಸಿ ಅನ್ನ ಸಾರು ಮಾಡಿದಳು, ಬಂದ ಗಿರಾಕಿಗಳೆಲ್ಲ ನನ್ನ ಅಂಗಡಿಯ ಕಡೆ ನೋಡುತ್ತ ಉಂಡರು. ನಮ್ಮ ಓಣಿಯವರ ಹಣೆಯ ಮೇಲಿನ ಮೂರು ಗೆರೆ ನೀರಿನ ಅಲೆಯಂತಾದವು. ಬೇರೆ ಓಣಿಯವರು ದೂರದಿಂದಲೇ ಅದನ್ನು ನೋಡಿ, ಚಹಾ ಕೊಡುವಾಗ ಕಪ್ಪು ಅರ್ಧವೇ ತುಂಬಿಸತೊಡಗಿದರು.

ಅಕ್ಕನಿಗೆ ನಡುಕ ಮಾತ್ರವಲ್ಲ. ಉಳಿದದ್ದನ್ನು ಯಾರೂ ಅವಳಿಂದ ಹಂಚಿಕೊಳ್ಳಲಿಲ್ಲ. ಬೆವರು, ಕಾರಣವಿಲ್ಲದ ಭಯ, ಒಗ್ಗರಣೆಯ ಸದ್ದಿಗೂ ಬೆಚ್ಚುವುದು. ಮಧ್ಯಾಹ್ನ ಹಿತ್ತಲಿನ ನೆರಳಿಗೆ ಚಾಪೆ ಹಾಸಿಕೊಂಡು ಬಿದ್ದಿರುತ್ತಿದ್ದಳು, ನಿದ್ದೆ ಬರುತ್ತಿರಲಿಲ್ಲ. ಬಾಯಿಪಾಠವಿದ್ದ ಪದ್ಯಗಳ ತುದಿಗಳು ಹಾರಿಹೋಗಿದ್ದವು. ನಾನು ಪಕ್ಕದಲ್ಲಿ ಕೂತು ಮೊದಲ ಪದ ಹೇಳಿದರೆ ಅವಳು ಉಳಿದದ್ದನ್ನು ಹುಡುಕುತ್ತಿದ್ದಳು. ಸಿಕ್ಕಿದ ದಿನ ನಗುತ್ತಿದ್ದಳು. ಸಿಗದ ದಿನ, "ನಾ ಸತ್ತ ಮ್ಯಾಲ ನೀ ಓದಬೇಕಾಗತದ ನೋಡು," ಎನ್ನುತ್ತಿದ್ದಳು. "ನನಗ ಕೇಳಾಕ ಅಷ್ಟ ಬರ್ತದ," ಎಂದರೆ, "ಅದೂ ಬರಂಗಿಲ್ಲ, ಮೊನ್ನೆ ಗೊರಕಿ ಹೊಡದಿ," ಎನ್ನುತ್ತಿದ್ದಳು.

ಚಾವಡಿಗೆ ಹೋಗುವುದನ್ನು ಮಾತ್ರ ಬಿಡಲಿಲ್ಲ. ದಿನಕ್ಕೆ ನಾಲ್ಕು ಪದ್ಯವಾದರೂ ಓದಿ ಬರುತ್ತಿದ್ದಳು. ಶ್ರಾವಣದಲ್ಲಿ ಮುಗಿಯಬೇಕಿದ್ದ ಪುರಾಣ ದಸರೆ ದಾಟಿತು. ರಾಕ್ಷಸನೊಬ್ಬ ಸಾಯಲು ಎರಡು ವಾರ ತೆಗೆದುಕೊಂಡ.

ಉಳಿದ ಹೊತ್ತು ಉಪದೇಶದ್ದು. ಜಾಜಿಕಾಯಿ ತೇಯ್ದು ಕೊಡಿರಿ ಎಂದು ಒಬ್ಬರು, ನೆತ್ತಿಗೆ ಹರಳೆಣ್ಣೆ ಎಂದು ಒಬ್ಬರು, ಮನಸ್ಸು ಗಟ್ಟಿ ಇದ್ದರೆ ಏನೂ ಬೇಕಿಲ್ಲ ಎಂದು ಮನಸ್ಸೇ ಇಲ್ಲದವರು. ಕೊಟ್ರಪ್ಪನ ಮಗಳ ನಿಶ್ಚಿತಾರ್ಥ ನಿಗದಿಯಾಯಿತು. ಬೀಗರ ಮುಂದೆ ಕೈ ನಡುಗಬಾರದು ಎಂದು ಅವನು ಯಾವುದೋ ಊರಿನಿಂದ ಒಂದು ಗುಳಿಗೆ ತಂದು, ಕಾಗದದಲ್ಲಿ ಸುತ್ತಿ, ನನ್ನ ಬೆನ್ನ ಹಿಂದೆ ಅಕ್ಕನ ಕೈಗೆ ಕೊಟ್ಟ. ಅಕ್ಕ ಅದನ್ನು ಇಡೀ ಮಧ್ಯಾಹ್ನ ಮುಷ್ಟಿಯಲ್ಲಿ ಹಿಡಿದಿದ್ದು ಸಂಜೆ ನನಗೆ ಕೊಟ್ಟಳು. ಕಾಗದ ಬೆವರಿಗೆ ನೆನೆದು ಗುಳಿಗೆಗೆ ಅಂಟಿಕೊಂಡಿತ್ತು. ನಾನು ಹೋಗಿ ಕೊಟ್ರಪ್ಪನ ಹೊಲಿಗೆ ಯಂತ್ರದ ಮೇಲೆ ಅದನ್ನು ಇಟ್ಟು ಬಂದೆ. ಮಾತಾಡಲು ನಿಂತಿದ್ದರೆ ನನ್ನ ಬಾಯಲ್ಲಿ ಆ ಹೊತ್ತು ಪುರಾಣದ ಮಾತು ಬರುತ್ತಿರಲಿಲ್ಲ.

ಪರಗೌಡ ಇನ್ನೂ ಮುಂದೆ ಹೋಗಿ, ಸೊಂಟದಲ್ಲಿ ಸಣ್ಣ ಬಾಟಲಿ ಸಿಕ್ಕಿಸಿಕೊಂಡು ಬಂದ. "ಅಕ್ಕಾರಿಗೆ ಗುಳಿಗಿ ಬದ್ಲಿ ಇದನ್ನ ಒಂದ ಚಮಚಾ ಹಾಕ್ರಿ. ನನಗ ನಿಲ್ಲತೈತಿ, ಅವರಿಗೆ ನಿಲ್ಲಂಗಿಲ್ಲೇನು?"

"ಗುಳಿಗಿ ಮ್ಯಾಲ ಅದು ಬಿದ್ರ ಉಸರ ನಿಲ್ಲತದೋ. ಒಯ್ಯಿ ಆಚೆ."

ಅವನು ಹೋಗಲಿಲ್ಲ. ಮೆಟ್ಟಿಲ ಮೇಲೆ ಕೂತು ಬಾಟಲಿಯನ್ನು ತಿರುಗಿಸುತ್ತ ಕೇಳಿದ: "ಅವರದು ಮುಗದ ಮ್ಯಾಲ, ನಂದೂ ಹಂಗ ಚೂರ ಚೂರ ಇಳಸಾಕ ಬರ್ತೈತೇನ್ರೀ?"

ಇಷ್ಟು ವರ್ಷ ಲೋಟ ಒಯ್ದು ಕೊಟ್ಟವರಲ್ಲಿ ಯಾರೂ ಅವನಿಗೆ ಬಿಡುವ ಆಸೆ ಇದೆಯೋ ಎಂದು ಕೇಳಿರಲಿಲ್ಲ. ಡಾಕ್ಟರಲ್ಲಿಗೆ ಕರೆದುಕೊಂಡು ಹೋದೆ. ಕುಡಿತದ್ದು ಬೇರೆ ದಾರಿ ಎಂದರು ಅವರು. ಮನೆಯಲ್ಲಿ ತಾನೇ ನಿಲ್ಲಿಸಿ ನೋಡುವುದು ಬೇಡ, ದವಾಖಾನೆಯಲ್ಲಿ ಒಂದಷ್ಟು ದಿನ ಮಲಗಬೇಕು, ನಡುಕ ಹಿಡಿದಿಡಲು ಔಷಧ ಕೊಟ್ಟು ಅದನ್ನೂ ಇಳಿಸುತ್ತೇವೆ, ಬತ್ತಿದ ಮೈಗೆ ಸತ್ವದ ಸೂಜಿಯೂ ಬೇಕು, ಕಾಯದೆ ಇವತ್ತೇ ಬರಲಿ ಎಂದರು. ಅವನು ಅಲ್ಲೇ ಮಲಗಿದ. ನಡುಕ ತಿರುವಿನ ಆಚೆಗೇ ಉಳಿಯಿತು. ಓಣಿಗೆ ಇದು ಬಹಳ ಹಿಡಿಸಿತು.

"ಶಾಂಭವ್ವನೋರನ್ನೂ ಅಲ್ಲೇ ಮಲಗಸ್ರಿ," ಎಂದು ಬಂದರು.

"ಆಕಿದು ನಾಕ ದಿನದ್ದಲ್ಲ, ತಿಂಗಳಾನುಗಟ್ಟಲೆ. ಅಷ್ಟ ದಿನ ಹಾಸಗಿ ಯಾರ ಕೊಡ್ತಾರ?"

"ಎಲ್ಲಾದಕ್ಕೂ ನಿನ್ನ ಹತ್ರ ಒಂದ ಉತ್ತರ ಐತಿ," ಎಂದ ಕೊಟ್ರಪ್ಪ. ಜೀವನದಲ್ಲಿ ಮೊದಲ ಸಲ ಯಾರೋ ನನಗೆ ಹಾಗೆ ಹೇಳಿದ್ದು.

ಕಾರ್ತಿಕದಲ್ಲಿ ಪುರಾಣದ ಕೊನೆಯ ಸಂಧಿ ಬಂತು. ಅಷ್ಟರಲ್ಲಿ ಅಕ್ಕ ಬೆಳಿಗ್ಗೆ ಅರ್ಧ, ಮಲಗುವಾಗ ಅರ್ಧಕ್ಕೆ ಇಳಿದಿದ್ದಳು. ಆ ವಾರವೇ ಒಂದು ಚೂರು ಇಳಿದಿತ್ತು, ಮೈ ಇನ್ನೂ ಅದಕ್ಕೆ ಒಗ್ಗಿರಲಿಲ್ಲ. ಮುಂದಿನದನ್ನು ಹುಣ್ಣಿಮೆ ಕಳೆದ ಮೇಲೆ ನೋಡೋಣ, ಅಲ್ಲಿಯ ತನಕ ಮುಟ್ಟಬೇಡಿ ಎಂದು ಡಾಕ್ಟರು ಹೇಳಿ ಕಳಿಸಿದ್ದರು.

ಪುರಾಣ ಮುಗಿಸುವ ಮಂಗಲದ ದಿನ ಬೆಳಿಗ್ಗೆ ಚಾವಡಿ ತುಂಬಿತ್ತು. ಚೆಂಡುಹೂವಿನ ಮಾಲೆಗಳು ಕಂಬಗಳಿಗೆ ಓರೆಯಾಗಿ ಸುತ್ತಿಕೊಂಡಿದ್ದವು, ಕಟ್ಟಿದವರ ಕೈ ಹಾಗಿತ್ತು. ನಿಂಬವ್ವ ಪ್ರಸಾದದ ಬೋಗುಣಿಯನ್ನು ನೆಲದ ಮೇಲೇ ಇಟ್ಟು, ಎತ್ತುವ ಗೋಜಿಗೆ ಹೋಗದೆ, ಸುತ್ತ ಜನರನ್ನು ಕೂಡಿಸಿದ್ದಳು. ದವಾಖಾನೆಯಿಂದ ಬಂದ ಪರಗೌಡ ಇಸ್ತ್ರಿ ಅಂಗಿ ಹಾಕಿಕೊಂಡು ಹಿಂದೆ ನಿಂತಿದ್ದ. ಆ ಬೆಳಿಗ್ಗೆಯೂ ಯಾರೋ ರೂಢಿಯಿಂದ ಲೋಟ ತುಂಬಿಕೊಂಡು ಹೋಗಿದ್ದರಂತೆ. ಅವನು ಅದನ್ನು ತುಳಸಿಗೆ ಹಾಕಬೇಕೋ ಚರಂಡಿಗೆ ಹಾಕಬೇಕೋ ತಿಳಿಯದೆ, ಕೊಟ್ಟವರಿಗೇ ತಿರುಗಿ ಕೊಟ್ಟು ಬಂದಿದ್ದ.

ಅಕ್ಕ ಮಡಿ ಸೀರೆ ಉಟ್ಟು ಪೀಠದ ಮೇಲೆ ಕೂತಿದ್ದಳು. ನಾನು ಒಂದು ಕೈಯಲ್ಲಿ ನೀರಿನ ತಂಬಿಗೆ, ಇನ್ನೊಂದರಲ್ಲಿ ಅರ್ಧ ಗುಳಿಗೆ ಹಿಡಿದು ಹತ್ತಿರ ಹೋದೆ.

"ಇವತ್ತ ಬ್ಯಾಡೋ," ಎಂದಳು ಮೆಲ್ಲಗೆ. "ಇಷ್ಟ ತಿಂಗಳಾ ನೀ ಕೊಟ್ಟಿ, ನಾ ನುಂಗಿದೆ. ಮಂಗಲ ಒಂದ ಶುದ್ಧ ಬಾಯಿಲೆ ಓದ್ತೀನಿ. ಅಂದದ್ದು ಅಷ್ಟರೆ ನಡೀಲಿ."

"ನಾಳಿಂದ ಮತ್ತ ತಗೋತಿಯೇನು?"

"ಇಲ್ಲ. ಇವತ್ತ ಮುಗಸಿಬಿಡೂದು. ಬಾಳ ಆತು ಎಲ್ಲಾರಿಗೂ."

ಹತ್ತಿರ ಕೂತವರಿಗೆ ಅದು ಕೇಳಿಸಿತು. "ಮುಗಸ್ಲಿ ಬಿಡಪಾ," ಎಂದ ಕೊಟ್ರಪ್ಪ, ಈ ಸಲ ನಿಜವಾದ ಭಕ್ತಿಯಿಂದಲೇ. "ದೇವರ ಮುಂದ ಕುಂತಾರ, ಆತ ನಡಸ್ತಾನ." "ಅರ್ಧಾ ಚೂರ್ನ್ಯಾಗ ಏನಾಗತೈತಿ," ಎಂದಳು ನಿಂಬವ್ವ. ಹಿಂದಿನಿಂದ ಯಾರೋ ಜಯಕಾರ ಹಾಕಲು ಉಸಿರು ಎಳೆದುಕೊಂಡರು. ಬಂಡೆಪ್ಪನ ಹೆಂಡತಿ ಕಂಬದ ಪಕ್ಕ ಕೂತಿದ್ದಳು. ಅವಳು ಮಾತ್ರ ನನ್ನ ಕೈಯನ್ನೇ ನೋಡುತ್ತಿದ್ದಳು.

"ಸಾವಳಿಗಾ," ಎಂದಳು ಅಕ್ಕ. ಅವ್ವ ಹೋದ ಮೇಲೆ ಹಾಗೆ ಮೊಟಕು ಮಾಡಿ ನನ್ನನ್ನು ಕರೆದವರು ಯಾರೂ ಇಲ್ಲ. "ನಿನಗ ಅಕ್ಷರಾ ಕಲಿಸಿದಾಕಿ ಕೇಳಾಕತ್ತೇನಿ. ಒಂದಽ ಮಾತು. ನಡಸಿಕೊಡು."

ಹುಟ್ಟಿದಾಗಿನಿಂದ ನಾನು ಅವಳ ಮಾತನ್ನು ಕೇಳುತ್ತ ಬಂದವನು. ಇಲ್ಲ ಎನ್ನುವ ಪದವನ್ನು ಅವಳೆದುರು ಬಳಸಿದ ನೆನಪಿಲ್ಲ. ತಂಬಿಗೆಯ ನೀರು ಅಲುಗಿ ನನ್ನ ಪಾದದ ಮೇಲೆ ಬೀಳುತ್ತಿತ್ತು. ಅವಳ ತುಟಿಯ ಮೇಲೆ ಬೆವರಿನ ಸಾಲು ನಿಂತಿತ್ತು. ಪುಸ್ತಕದ ಮೇಲಿದ್ದ ಅವಳ ಬೆರಳು ಹಾಳೆಯನ್ನು ಒಮ್ಮೆ, ಮತ್ತೊಮ್ಮೆ, ಮೆಲ್ಲಗೆ ಕೊಡವಿತು.

"ಆಗಂಗಿಲ್ಲಕ್ಕಾ," ಎಂದೆ. "ಬಾಯಿ ತಗಿ."